ನೆರೂಲ್‌ನಲ್ಲಿ ಗೆದ್ದ ಕೋಚ್ ತಯಾರಾದದ್ದು ಎಲ್ಲಿ?

2022ರ ಫೆಬ್ರುವರಿ 6, ಭಾನುವಾರ. ಅಂದು ಬೆಳಿಗ್ಗೆ ಬ್ರೀಚ್ ಕ್ಯಾಂಡಿ ಆಸ್ಪತ್ರೆಯಲ್ಲಿ ಲತಾ ಮಂಗೇಶ್ಕರ್ ಕೊನೆಯುಸಿರೆಳೆದರು. ಸಂಜೆ ಶಿವಾಜಿ ಪಾರ್ಕಿನಲ್ಲಿ ಅಂತ್ಯಸಂಸ್ಕಾರ. ಮುಂಬೈ ಮಾತ್ರವಲ್ಲ, ಇಡೀ ದೇಶ ಟಿ.ವಿ. ಮುಂದೆ ಕೂತಿತ್ತು. ಅದೇ ಹೊತ್ತಿಗೆ ಖಾಡಿಯ ಆಚೆ ದಡದಲ್ಲಿ, ನವಿ ಮುಂಬೈಯ ನೆರೂಲ್‌ನಲ್ಲಿರುವ ಡಿ.ವೈ. ಪಾಟೀಲ್ ಸ್ಟೇಡಿಯಂನಲ್ಲಿ ಏಷ್ಯಾದ ಮಹಿಳಾ ಫುಟ್‌ಬಾಲಿನ ಅತಿ ದೊಡ್ಡ ಪಂದ್ಯ ನಡೆದಿತ್ತು. ಹಾರ್ಬರ್ ಲೈನಿನ ಲೋಕಲ್‌ನಲ್ಲಿ ನೆರೂಲ್ ದಾಟಿ ಹೋದವರಿಗೂ ಅದು ಗೊತ್ತಾಗಿರಲಿಕ್ಕಿಲ್ಲ. ಕೋವಿಡ್ ನಿರ್ಬಂಧದಿಂದಾಗಿ ಗ್ಯಾಲರಿಗಳು ಹೆಚ್ಚುಕಡಿಮೆ ಖಾಲಿ. ಚೀನಾ ಮತ್ತು ದಕ್ಷಿಣ ಕೊರಿಯಾ ನಡುವಿನ ಎಎಫ್‌ಸಿ ಮಹಿಳಾ ಏಷ್ಯನ್ ಕಪ್ ಫೈನಲ್ ಅದು.

ವಿರಾಮಕ್ಕೆ ಹೋಗುವಾಗ ಚೀನಾ 0–2ರಿಂದ ಹಿಂದಿತ್ತು. ಚೆ ಯು-ರಿ ಮೊದಲ ಗೋಲು ಹೊಡೆದಿದ್ದರು. ಎರಡನೆಯದು ಜಿ ಸೊ-ಯುನ್ ಪೆನಾಲ್ಟಿ, ಅದೂ ಮೊದಲ ಅವಧಿ ಇನ್ನೇನು ಮುಗಿಯಿತು ಅನ್ನುವಾಗ. ಕೊರಿಯಾಕ್ಕೆ ಅದು ಮೊತ್ತಮೊದಲ ಏಷ್ಯನ್ ಕಪ್ ಫೈನಲ್. ಅವರು ಆಡುತ್ತಿದ್ದ ರೀತಿ ನೋಡಿದರೆ ಕಪ್ ಅವರದೇ ಅನ್ನಿಸುತ್ತಿತ್ತು. ಚೀನಾದ ಬೆಂಚಿನ ಮುಂದೆ ಐವತ್ತೈದು ವರ್ಷದ ಹೆಂಗಸೊಬ್ಬರು ನಿಂತಿದ್ದರು. ಹೆಸರು ಶುಯಿ ಚಿಂಗ್‌ಶಿಯಾ. ಆ ಕೆಲಸಕ್ಕೆ ಅವರು ಬಂದು ಮೂರು ತಿಂಗಳೂ ಆಗಿರಲಿಲ್ಲ.

ಮುಂದಿನ ನಲವತ್ತೈದು ನಿಮಿಷದಲ್ಲಿ ಆದದ್ದನ್ನು ಸ್ವಲ್ಪ ನಿಧಾನವಾಗಿ ನೋಡಬೇಕು, ಯಾಕೆಂದರೆ ಕೋಚ್ ಅನ್ನುವವರ ಕೈವಾಡ ಕಣ್ಣಿಗೆ ಕಾಣುವ ಸಂದರ್ಭಗಳು ಈ ಆಟದಲ್ಲಿ ಕಡಿಮೆ. ಬೆಂಚಿನಲ್ಲಿದ್ದ ಜಾಂಗ್ ಲಿನ್‌ಯಾನ್ ಅನ್ನುವ ಪುಟ್ಟ ಆಕಾರದ ಹುಡುಗಿಯನ್ನು ಶುಯಿ ಮೈದಾನಕ್ಕೆ ಇಳಿಸಿದರು. ಚೀನಾ ರೆಕ್ಕೆಗಳ ಕಡೆಯಿಂದ ಚೆಂಡನ್ನು ಪೆಟ್ಟಿಗೆಯೊಳಕ್ಕೆ ತೂರತೊಡಗಿತು. 68ನೇ ನಿಮಿಷದಲ್ಲಿ ಚೆಂಡು ಕೊರಿಯಾದ ಆಟಗಾರ್ತಿಯ ಕೈಗೆ ತಗುಲಿ ಪೆನಾಲ್ಟಿ ಸಿಕ್ಕಿತು. ತಾಂಗ್ ಜಿಯಾಲಿ ಅದನ್ನು ಗೋಲಾಗಿಸಿದರು. ನಾಲ್ಕೇ ನಿಮಿಷದ ಮೇಲೆ ಅದೇ ತಾಂಗ್ ಕಳಿಸಿದ ಕ್ರಾಸಿಗೆ ತಲೆಕೊಟ್ಟವರು ಯಾರೆಂದರೆ, ಎತ್ತರದ ಕೊರಿಯಾ ಡಿಫೆಂಡರ್‌ಗಳ ನಡುವಿನಿಂದ ನುಸುಳಿ ಬಂದ ಜಾಂಗ್ ಲಿನ್‌ಯಾನ್! 2–2. ಎಲ್ಲರೂ ಹೆಚ್ಚುವರಿ ಸಮಯಕ್ಕೆ ಮನಸ್ಸು ಸಜ್ಜು ಮಾಡಿಕೊಳ್ಳುತ್ತಿರುವಾಗ, ಇಂಜುರಿ ಟೈಮಿನ ಮೂರನೇ ನಿಮಿಷದಲ್ಲಿ ಶಿಯಾವ್ ಯುಯಿ ಮೂರನೇ ಗೋಲು ಹೊಡೆದರು. ಅವರೂ ಬೆಂಚಿನಿಂದ ಎದ್ದು ಬಂದವರೇ. ಬದಲಿಯಾಗಿ ಇಳಿಸಿದ ಇಬ್ಬರು, ಎರಡು ಗೋಲು. ಕೋಚ್ ಕೈಯಲ್ಲಿ ಇರುವುದೇ ಅಷ್ಟು: ಯಾರನ್ನು ಕೂರಿಸುವುದು, ಯಾರನ್ನು ಎಬ್ಬಿಸುವುದು, ಯಾವಾಗ.

ಒಂದೇ ಪಂದ್ಯವಾಗಿದ್ದರೆ ಅದೃಷ್ಟ ಅನ್ನಬಹುದಿತ್ತು. ಕ್ವಾರ್ಟರ್‌ಫೈನಲ್‌ನಲ್ಲಿ, ಇದೇ ನೆರೂಲ್‌ನಲ್ಲಿ, ಮೊದಲ ಗೋಲು ಹೊಡೆದದ್ದು ವಿಯೆಟ್ನಾಂ. ಚೀನಾ 3–1ರಿಂದ ಗೆದ್ದಿತು. ಪುಣೆಯ ಬಾಲೇವಾಡಿಯಲ್ಲಿ ನಡೆದ ಸೆಮಿಫೈನಲ್‌ನಲ್ಲಿ ಜಪಾನ್ ಎರಡು ಬಾರಿ ಮುಂದಾಯಿತು, ಚೀನಾ ಎರಡು ಬಾರಿಯೂ ಸಮ ಮಾಡಿತು. ಎರಡನೇ ಸಲದ ಗೋಲು ಬಂದದ್ದು 119ನೇ ನಿಮಿಷದಲ್ಲಿ, ನಾಯಕಿ ವಾಂಗ್ ಶಾನ್‌ಶಾನ್ ಕಾಲಿನಿಂದ. ಆಮೇಲೆ ಪೆನಾಲ್ಟಿಯಲ್ಲಿ 4–3. ಮೂರು ನಾಕೌಟ್ ಪಂದ್ಯ, ಮೂರರಲ್ಲೂ ಮೊದಲು ಗೋಲು ತಿಂದು ಆಮೇಲೆ ಗೆದ್ದವರು. ವಾಂಗ್ ಶಾನ್‌ಶಾನ್ ಹುಟ್ಟಾ ಫಾರ್ವರ್ಡ್, ಆದರೆ ಬೇಕಾದಾಗ ಹಿಂದೆ ನಿಂತು ಡಿಫೆನ್ಸ್ ಮಾಡಲಿಕ್ಕೂ ಸೈ. ತಂಡದಲ್ಲಿ ಅಂಥವರನ್ನು ಇಟ್ಟುಕೊಂಡು, ಎಲ್ಲಿ ಬೇಕೋ ಅಲ್ಲಿಗೆ ಸರಿಸಿ, ಸೋಲಿನ ಅಂಚಿನಲ್ಲಿ ಕೈಕಾಲು ಬಿಡದೆ ಲೆಕ್ಕ ಹಾಕುವ ಗುಣವನ್ನು ಮೂರು ತಿಂಗಳಲ್ಲಿ ಯಾರೂ ಕಲಿಯುವುದಿಲ್ಲ.

ಹಾಗಾದರೆ ಶುಯಿ ಅದನ್ನು ಕಲಿತದ್ದು ಎಲ್ಲಿ?

ಅವರು 1966ರಲ್ಲಿ ಶಾಂಘೈಯಲ್ಲಿ ಹುಟ್ಟಿದವರು, ಮಿಡ್‌ಫೀಲ್ಡ್ ಆಟಗಾರ್ತಿ. 1986ರಿಂದ 1999ರವರೆಗೆ ನಡೆದ ಏಳಕ್ಕೆ ಏಳೂ ಏಷ್ಯನ್ ಕಪ್‌ಗಳನ್ನು ಚೀನಾ ಗೆದ್ದ ಕಾಲವದು. ಮಹಿಳೆಯರ ಮೊದಲ ವಿಶ್ವಕಪ್ 1991ರಲ್ಲಿ ನಡೆದದ್ದೂ ಚೀನಾದಲ್ಲೇ. ಅದರಲ್ಲೂ 1995ರದ್ದರಲ್ಲೂ ಅವರು ಆಡಿದರು. ಮಹಿಳಾ ಫುಟ್‌ಬಾಲ್ ಒಲಿಂಪಿಕ್ಸಿಗೆ ಮೊದಲು ಬಂದದ್ದು 1996ರ ಅಟ್ಲಾಂಟಾದಲ್ಲಿ. ಫೈನಲ್‌ನಲ್ಲಿ ಅಮೆರಿಕಕ್ಕೆ 2–1ರಿಂದ ಸೋತು ಬೆಳ್ಳಿ ಗೆದ್ದ ತಂಡದಲ್ಲೂ ಅವರಿದ್ದರು. ಆಟ ಬಿಟ್ಟ ಮೇಲೆ ಅವರು ಎಲ್ಲಿಗೂ ಹೋಗಲಿಲ್ಲ. ತಮ್ಮ ಊರಿನ ಶಾಂಘೈ ಮಹಿಳಾ ತಂಡದಲ್ಲೇ ಕೋಚ್ ಆಗಿ ವರ್ಷಗಟ್ಟಲೆ ದುಡಿದರು. ಹೊರಜಗತ್ತಿಗೆ ಅವರ ಹೆಸರು ಗೊತ್ತಿರಲಿಲ್ಲ, ಗೊತ್ತಾಗುವ ಕಾರಣವೂ ಇರಲಿಲ್ಲ. ಪ್ರಾಂತೀಯ ತಂಡದ ಕೋಚ್ ಎಂದರೆ ಹದಿನಾರರ ಹುಡುಗಿಯರನ್ನು ಇಪ್ಪತ್ತರವರೆಗೆ ತರುವ ಕೆಲಸ. ಈ ವರ್ಷ ಗೆದ್ದರೂ ಸೋತರೂ ಬರುವ ವರ್ಷ ಮತ್ತೆ ಮೊದಲಿನಿಂದ ಶುರು.

2021ರ ಟೋಕಿಯೊ ಒಲಿಂಪಿಕ್ಸ್‌ನಲ್ಲಿ ಚೀನಾದ ಮಾನ ಹೋಯಿತು. ಬ್ರೆಜಿಲ್ ವಿರುದ್ಧ 0–5, ಜಾಂಬಿಯಾ ವಿರುದ್ಧ 4–4, ನೆದರ್ಲೆಂಡ್ಸ್ ವಿರುದ್ಧ 2–8. ಮೂರು ಪಂದ್ಯಗಳಲ್ಲಿ ಹದಿನೇಳು ಗೋಲು ತಿಂದ ತಂಡದ ಕೋಚ್ ಕುರ್ಚಿ ಖಾಲಿಯಾಯಿತು. ಅದೇ ವರ್ಷದ ರಾಷ್ಟ್ರೀಯ ಕ್ರೀಡಾಕೂಟದಲ್ಲಿ ಒಲಿಂಪಿಕ್ ಆಟಗಾರ್ತಿಯರ ಸಂಯುಕ್ತ ತಂಡವನ್ನು ಗೆಲ್ಲಿಸಿದ್ದ ಶುಯಿಯನ್ನು ನವೆಂಬರ್‌ನಲ್ಲಿ ಆ ಕುರ್ಚಿಗೆ ಕರೆದರು. ಅದಕ್ಕೆ ಮೊದಲು ಯುರೋಪಿನ ಮಹಿಳೆಯರು ಚೀನಾ ತಂಡಕ್ಕೆ ಕೋಚ್ ಆಗಿ ಬಂದು ಹೋಗಿದ್ದುಂಟು, ಆದರೆ ಚೀನಾದ್ದೇ ಹೆಣ್ಣುಮಗಳಿಗೆ ಆ ಕೆಲಸ ಸಿಕ್ಕಿದ್ದು ಆಗಲೇ ಮೊದಲು. ಎರಡೂವರೆ ತಿಂಗಳಲ್ಲಿ ನೆರೂಲ್‌ನಲ್ಲಿ ಕಪ್ ಎತ್ತಿದರು. ಚೀನಾಕ್ಕೆ ಅದು ಒಂಬತ್ತನೇ ಏಷ್ಯನ್ ಕಪ್, ಎಂಟನೆಯದಾಗಿ ಹದಿನಾರು ವರ್ಷವಾದ ಮೇಲೆ. ಆಟಗಾರ್ತಿಯಾಗಿಯೂ ಕೋಚ್ ಆಗಿಯೂ ಈ ಕಪ್ ಗೆದ್ದ ಮೊದಲಿಗರು ಎಂಬ ಹೆಸರು ಶುಯಿಗೆ ಬಂತು.

ಈಗ ಇದೇ ಟೂರ್ನಿಯಲ್ಲಿ ಆತಿಥೇಯರ ಬೆಂಚಿನ ಕಡೆ ಕಣ್ಣು ಹಾಯಿಸೋಣ. ಭಾರತದ ಮೊದಲ ಪಂದ್ಯ ಜನವರಿ 20ರಂದು, ಇದೇ ಸ್ಟೇಡಿಯಂನಲ್ಲಿ, ಇರಾನ್ ವಿರುದ್ಧ 0–0. ಇರಾನಿಗೆ ಅದು ಜೀವಮಾನದ ಮೊದಲ ಏಷ್ಯನ್ ಕಪ್, ಅವರ ಕೋಚ್ ಮರ್ಯಮ್ ಇರಾನ್‌ದೂಸ್ತ್ ಎಂಬ ಮಹಿಳೆ. ಥಾಯ್ಲೆಂಡ್ ತಂಡದ ಕೋಚ್ ಜಪಾನಿನ ಮಿಯೊ ಒಕಾಮೊಟೊ, ಅವರೂ ಮಹಿಳೆ. ಭಾರತದ ಕೋಚ್ ಸ್ವೀಡನ್ನಿನ ಥಾಮಸ್ ಡೆನರ್ಬಿ. ಮೂರು ದಿನದ ಮೇಲೆ, ಚೈನೀಸ್ ತೈಪೆ ಜತೆ ಆಡಬೇಕಾಗಿದ್ದ ದಿನ, ಕೋವಿಡ್ ತಗುಲಿದವರನ್ನು ಬಿಟ್ಟರೆ ಭಾರತದ ಬಳಿ ಹದಿಮೂರು ಆಟಗಾರ್ತಿಯರೂ ಉಳಿದಿರಲಿಲ್ಲ. ಪಂದ್ಯ ರದ್ದು, ಭಾರತ ಟೂರ್ನಿಯಿಂದ ಹೊರಗೆ, ಇರಾನ್ ವಿರುದ್ಧದ ಡ್ರಾ ಕೂಡ ಲೆಕ್ಕದಿಂದ ಹೊರಗೆ. ತವರಿನಲ್ಲಿ ಆಡಿ ವಿಶ್ವಕಪ್‌ಗೆ ಹೋಗುವ ಕನಸು ತೊಂಬತ್ತು ನಿಮಿಷದ ಒಂದು ಪಂದ್ಯದಲ್ಲೇ ಮುಗಿಯಿತು.

ಆ ಬೆಂಚಿನಲ್ಲಿ ಇರಬಹುದಾಗಿದ್ದವರು ಒಬ್ಬರಿದ್ದರು. ಗೋವಾದ ಮೇಮೊಲ್ ರಾಕಿ, ಸ್ವತಃ ಭಾರತಕ್ಕೆ ಆಡಿದವರು. 2017ರಲ್ಲಿ ಹಿರಿಯ ಮಹಿಳಾ ತಂಡದ ಮುಖ್ಯ ಕೋಚ್ ಆದಾಗ ಆ ಸ್ಥಾನಕ್ಕೆ ಬಂದ ಮೊದಲ ಮಹಿಳೆ ಎಂದು ಪತ್ರಿಕೆಗಳು ಬರೆದವು. 2018ರ ನವೆಂಬರ್‌ನಲ್ಲಿ ಯಾಂಗೂನ್‌ನಲ್ಲಿ ಬಾಂಗ್ಲಾದೇಶವನ್ನು 7–1ರಿಂದ ಬಡಿದು ಅವರ ತಂಡ ಒಲಿಂಪಿಕ್ ಅರ್ಹತಾ ಟೂರ್ನಿಯ ಎರಡನೇ ಸುತ್ತಿಗೆ ಹೋಯಿತು. ಭಾರತ ಅಲ್ಲಿಗೆ ತಲುಪಿದ್ದು ಅದೇ ಮೊದಲು. ಮರುವರ್ಷ ಏಪ್ರಿಲ್‌ನಲ್ಲಿ ಮಾಂಡಲೆಯಲ್ಲಿ ಇಂಡೊನೇಷ್ಯಾ, ನೇಪಾಳ ಎರಡನ್ನೂ ಗೆದ್ದು, ಆತಿಥೇಯ ಮ್ಯಾನ್ಮಾರ್ ಜತೆ 3–3 ಡ್ರಾ ಮಾಡಿ, ಗೋಲು ವ್ಯತ್ಯಾಸದ ಲೆಕ್ಕದಲ್ಲಿ ಮುಂದಿನ ಸುತ್ತನ್ನು ಕಳೆದುಕೊಂಡಿತು. ಅದೇ 2019ರಲ್ಲಿ ಬಿರಾಟ್‌ನಗರದಲ್ಲಿ ಸ್ಯಾಫ್ ಕಪ್, ವರ್ಷದ ಕೊನೆಗೆ ಪೋಖರಾದಲ್ಲಿ ದಕ್ಷಿಣ ಏಷ್ಯಾ ಕ್ರೀಡಾಕೂಟದ ಚಿನ್ನ. 2021ರ ಬೇಸಿಗೆ ಕಳೆದ ಮೇಲೆ, ತವರಿನ ಏಷ್ಯನ್ ಕಪ್‌ಗೆ ಆರು ತಿಂಗಳಿರುವಾಗ, ವೈಯಕ್ತಿಕ ಕಾರಣ ಎಂದು ಹೇಳಿ ಮೇಮೊಲ್ ಕೆಲಸ ಬಿಟ್ಟರು. 17ರೊಳಗಿನ ವಿಶ್ವಕಪ್ ತಂಡಕ್ಕೆಂದು ಬಂದಿದ್ದ ಡೆನರ್ಬಿ ಹಿರಿಯರ ತಂಡಕ್ಕೆ ಬಂದರು.

ಅವರ ವೈಯಕ್ತಿಕ ಕಾರಣ ಅವರದು, ಅದನ್ನು ಕೆದಕುವುದು ನನ್ನ ಕೆಲಸವಲ್ಲ. ನನಗೆ ಕಾಡುವ ಪ್ರಶ್ನೆ ಬೇರೆ. ಅವರು ಹೋದ ಮೇಲೆ ಆ ಜಾಗಕ್ಕೆ ಕರೆಯಬಹುದಾದ ಇನ್ನೊಬ್ಬ ಭಾರತೀಯ ಮಹಿಳೆ ಸಾಲಿನಲ್ಲಿ ಇದ್ದರೇ? ಚೀನಾ ತನ್ನ ಕೋಚ್ ಬಿಟ್ಟುಹೋದಾಗ ಶಾಂಘೈ ಕಡೆ ತಿರುಗಿ ನೋಡಿತು. ನಾವು ಸ್ವೀಡನ್ ಕಡೆ ತಿರುಗಿದೆವು. ಡೆನರ್ಬಿಯ ಅನುಭವದ ಬಗ್ಗೆ ಯಾರಿಗೂ ತಕರಾರಿಲ್ಲ. ಆದರೆ ನಮ್ಮ ಸಾಲು ಅಷ್ಟು ಚಿಕ್ಕದಾಗಿತ್ತು ಎಂಬುದು ಆ ಒಂದು ನೇಮಕದಲ್ಲಿ ಬಯಲಾಯಿತು.

ಸಾಲು ಯಾಕೆ ಚಿಕ್ಕದು ಎಂದು ತಿಳಿಯಬೇಕಾದರೆ ಮುಂಬೈಯ ಹಳೆಯ ಫುಟ್‌ಬಾಲನ್ನು ಸ್ವಲ್ಪ ನೋಡಬೇಕು. ಇದು ರೋವರ್ಸ್ ಕಪ್‌ನ ಊರು, 1891ರಿಂದ ಆ ಟೂರ್ನಿ ನಡೆದದ್ದು ಇಲ್ಲಿ. ಕೂಪರೇಜ್ ಮೈದಾನದಲ್ಲಿ ಸಂಜೆ ಮ್ಯಾಚು ನೋಡಿ ಚರ್ಚ್‌ಗೇಟ್‌ನಿಂದ ಲೋಕಲ್ ಹಿಡಿಯುವುದು ಒಂದು ಕಾಲದ ಗುಮಾಸ್ತರ ದಿನಚರಿ. ಮೈದಾನದಲ್ಲಿ ಆಡುತ್ತಿದ್ದವರೂ ಒಂದರ್ಥದಲ್ಲಿ ಗುಮಾಸ್ತರೇ! ಏರ್ ಇಂಡಿಯಾ, ಒಎನ್‌ಜಿಸಿ, ಮಹೀಂದ್ರ, ಸೆಂಟ್ರಲ್ ರೈಲ್ವೆ, ವೆಸ್ಟರ್ನ್ ರೈಲ್ವೆ, ರಿಸರ್ವ್ ಬ್ಯಾಂಕು, ಪೊಲೀಸ್ ಇಲಾಖೆ... ಆಟ ಚೆನ್ನಾಗಿದ್ದವನಿಗೆ ಕೆಲಸ, ಕೆಲಸವಿದ್ದವನಿಗೆ ತಿಂಗಳಾದರೆ ಸಂಬಳ. ಆಟ ಮುಗಿದ ಮೇಲೆ ಕಚೇರಿ ತಂಡದ ಕೋಚ್ ಆಗಲು ಒಂದು ದಾರಿ, ಅದಾಗದಿದ್ದರೆ ಪೆನ್ಶನ್ನಿನವರೆಗೆ ಮೇಜು. ಏರ್ ಇಂಡಿಯಾ ತಂಡವನ್ನು ಹೀಗೆ ವರ್ಷಾನುಗಟ್ಟಲೆ ಕಟ್ಟಿ ಬೆಳೆಸಿದ ಬಿಮಲ್ ಘೋಷ್ ಅವರಿಗೆ 2022ರಲ್ಲಿ ಜೀವಮಾನ ಸಾಧನೆಯ ದ್ರೋಣಾಚಾರ್ಯ ಪ್ರಶಸ್ತಿ ಬಂತು. ದೊಡ್ಡ ಹೆಸರಿಲ್ಲದ ಹುಡುಗರನ್ನು ಹುಡುಕಿ ತಂದು ತಯಾರು ಮಾಡುವುದು ಅವರ ಖ್ಯಾತಿ. ಈ ಏಣಿಯ ಒಂದು ಮೆಟ್ಟಿಲೂ ಹೆಣ್ಣುಮಕ್ಕಳ ಕಾಲಿಗೆ ಸಿಕ್ಕಲಿಲ್ಲ ಅಂದರೆ ತಪ್ಪಾದೀತು, ರೈಲ್ವೆ ಮತ್ತು ಪೊಲೀಸ್ ಇಲಾಖೆಗಳು ದೇಶದ ಬೇರೆ ಕಡೆ ಆಟಗಾರ್ತಿಯರಿಗೆ ಕೆಲಸ ಕೊಟ್ಟಿವೆ. ಆದರೆ ಮುಂಬೈ ಕಚೇರಿಗಳ ಫುಟ್‌ಬಾಲ್ ಗಂಡಸರ ಫುಟ್‌ಬಾಲ್ ಆಗಿಯೇ ಹುಟ್ಟಿ ಹಾಗೆಯೇ ಮುಪ್ಪಾಯಿತು. ಮಹೀಂದ್ರ ಯುನೈಟೆಡ್ 2010ರಲ್ಲಿ ಬಾಗಿಲು ಹಾಕಿತು.

ಹೆಂಗಸರ ಕಥೆ ಶುರುವಾಗಿದ್ದೇನೂ ಮೊನ್ನೆ ಅಲ್ಲ. 1975ರಲ್ಲಿ ಭಾರತೀಯ ಮಹಿಳಾ ಫುಟ್‌ಬಾಲ್ ಫೆಡರೇಷನ್ ಹುಟ್ಟಿತು. 1980ರಲ್ಲಿ ಕೋಳಿಕ್ಕೋಡ್‌ನಲ್ಲಿ ನಡೆದ ಏಷ್ಯನ್ ಟೂರ್ನಿಯಲ್ಲಿ ಭಾರತ ರನ್ನರ್‌ಅಪ್, 1981ರಲ್ಲಿ ಮೂರನೇ ಸ್ಥಾನ, 1983ರಲ್ಲಿ ಮತ್ತೆ ರನ್ನರ್‌ಅಪ್. ಬೆಂಗಳೂರಿನ ಚಿತ್ರಾ ಗಂಗಾಧರನ್ ಆ ತಲೆಮಾರಿನ ಆಟಗಾರ್ತಿ. ಅರ್ಜುನ ಪ್ರಶಸ್ತಿ ಪಡೆದ ಮೊದಲ ಮಹಿಳಾ ಫುಟ್‌ಬಾಲರ್ ಬಂಗಾಳದ ಶಾಂತಿ ಮಲ್ಲಿಕ್ ಕೂಡ ಅದೇ ಕಾಲದವರು. ಆ ಮಹಿಳಾ ಫೆಡರೇಷನ್ ಬಹುಕಾಲ ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ನಿನ (ಎಐಎಫ್‌ಎಫ್) ಹೊರಗೇ ಇತ್ತು. ಶುಯಿಯ ತಲೆಮಾರು ಚೀನಾದಲ್ಲಿ ಆಟದಿಂದ ನೇರವಾಗಿ ಪ್ರಾಂತೀಯ ತಂಡದ ಕೋಚಿಂಗ್ ಕೆಲಸಕ್ಕೆ ಜಾರಿದರೆ, ಇಲ್ಲಿನ ಅದೇ ತಲೆಮಾರಿಗೆ ಜಾರಿ ಬೀಳಲು ಅಂಥ ಕೆಲಸವೇ ಇರಲಿಲ್ಲ. ನಮ್ಮ ಮಹಿಳಾ ಲೀಗ್ ಶುರುವಾದದ್ದೇ 2016–17ರಲ್ಲಿ.

ಇಂದು ಕೋಚ್ ಆಗಬೇಕೆಂದಿರುವ ಹುಡುಗಿಗೆ ಕಾಗದದ ಮೇಲಿನ ದಾರಿ ಸ್ಪಷ್ಟವಾಗಿದೆ. ಡಿ ಲೈಸೆನ್ಸ್, ಅದು ಸುಮಾರು ಒಂದು ವಾರದ ಕೋರ್ಸು. ಆಮೇಲೆ ಸಿ, ಬಿ, ಎ, ತುದಿಯಲ್ಲಿ ಪ್ರೊ. ಒಂದರಿಂದ ಇನ್ನೊಂದಕ್ಕೆ ಹೋಗಲು ನಡುವೆ ತಂಡವೊಂದನ್ನು ತರಬೇತು ಮಾಡಿದ ಅನುಭವ ಬೇಕು. ತೊಡಕಿರುವುದು ಇಲ್ಲೇ. ಲೈಸೆನ್ಸ್ ಸಿಕ್ಕೀತು, ತಂಡ ಎಲ್ಲಿಂದ ತರುವುದು?

ಮುಂಬೈಯಲ್ಲಿ ಸಿಗುವ ತಂಡ ಎಂಥದು ಎಂದು ನೋಡಬೇಕಾದರೆ ಅಂಧೇರಿಯಿಂದ ಠಾಣೆಯವರೆಗೆ ಎಲ್ಲಾದರೂ ಗಂಟೆ ಲೆಕ್ಕದಲ್ಲಿ ಬಾಡಿಗೆಗೆ ಸಿಗುವ ಟರ್ಫಿಗೆ ಶನಿವಾರ ಬೆಳಿಗ್ಗೆ ಹೋಗಬೇಕು. ಕಟ್ಟಡಗಳ ನಡುವೆ ಬಲೆ ಕಟ್ಟಿದ ಹಸಿರು ಚೌಕ. ಆರೂವರೆಗೆ ಹುಡುಗಿಯರ ಬ್ಯಾಚು, ಏಳೂವರೆಗೆ ಯಾವುದೋ ಆಫೀಸಿನ ಗಂಡಸರ ಬುಕ್ಕಿಂಗು, ಅವರು ಏಳೂ ಇಪ್ಪತ್ತಕ್ಕೇ ಗೇಟಿನ ಬಳಿ ಬಂದು ನಿಂತಿರುತ್ತಾರೆ. ಆ ಒಂದು ಗಂಟೆಯಲ್ಲಿ ಇಪ್ಪತ್ತು ನಿಮಿಷ ಬರೀ ವಾರ್ಮ್‌ಅಪ್‌ಗೆ ಹೋಗುತ್ತದೆ ಎಂದು ತಾಯ್ತಂದೆಯರಿಗೆ ಬೇಸರ. ಆದರೆ ಕೋಚ್ ಅದನ್ನು ಬಿಡುವುದಿಲ್ಲ, ಬಿಡಬಾರದು ಕೂಡ. ಮೊಣಕಾಲಿನ ಎಸಿಎಲ್ ಅಸ್ಥಿರಜ್ಜು ಹರಿಯುವ ಅಪಾಯ ಹುಡುಗರಿಗಿಂತ ಹುಡುಗಿಯರಿಗೆ ಹಲವು ಪಟ್ಟು ಹೆಚ್ಚು. ಇಂಥ ಗಾಯಗಳನ್ನು ತಡೆಯಲೆಂದು ಫಿಫಾ ‘11+’ ಎಂಬ ವ್ಯಾಯಾಮದ ಕ್ರಮ ಮಾಡಿದೆ: ಮೆಲ್ಲಗೆ ಓಟ, ಹೊಟ್ಟೆ–ತೊಡೆಗಳಿಗೆ ಬಲ, ಒಂದು ಕಾಲಿನ ಮೇಲೆ ಸಮತೋಲ, ಆಮೇಲೆ ನೆಗೆತ. ನೆಗೆದು ನೆಲಕ್ಕೆ ಬರುವಾಗ ಕೋಚ್ ಮಂಡಿಯೂರಿ ಕೂತು ಮಗುವಿನ ಮೊಣಕಾಲನ್ನೇ ನೋಡುತ್ತಾರೆ. ಎರಡು ಮೊಣಕಾಲು ಒಳಕ್ಕೆ ವಾಲಿ ಒಂದಕ್ಕೊಂದು ತಾಕುವ ಹಾಗಿದ್ದರೆ ‘ಮತ್ತೊಮ್ಮೆ’. ಚಿಪ್ಪು ಕಾಲ್ಬೆರಳ ನೇರಕ್ಕೆ ಬರುವವರೆಗೆ ಮತ್ತೊಮ್ಮೆ. ಈ ಕೆಲಸಕ್ಕೆ ಕಪ್ ಸಿಗುವುದಿಲ್ಲ. ಸಿಗುವುದು ಇಷ್ಟೇ, ಐದು ವರ್ಷದ ಮೇಲೆ ಆ ಹುಡುಗಿ ಇನ್ನೂ ಆಡುತ್ತಿರುತ್ತಾಳೆ.

ಅದು ಮೈದಾನದ ಒಳಗಿನ ಕೆಲಸ. ಹೊರಗಿನದು ಇನ್ನೂ ಹೆಚ್ಚು. ಟೂರ್ನಿ ವಸಾಯಿಯಲ್ಲಿದ್ದರೆ ಯಾರ ಮಗಳನ್ನು ಯಾರು ಯಾವ ಸ್ಟೇಶನ್ನಿನಲ್ಲಿ ಲೇಡೀಸ್ ಡಬ್ಬಿಗೆ ಹತ್ತಿಸುವುದು, ಮುಟ್ಟಿನ ದಿನ ಆಡಿಸುವುದೋ ಕೂರಿಸುವುದೋ, ಹತ್ತನೇ ಕ್ಲಾಸಿಗೆ ಬಂದ ಕೂಡಲೇ ಆಟ ಬಿಡಿಸುವ ಅಪ್ಪನ ಜತೆ ಫೋನಿನಲ್ಲಿ ಮುಕ್ಕಾಲು ಗಂಟೆ ವಾದ. ಮಹಿಳಾ ಕೋಚ್ ಆದರೆ ಮಾತ್ರ ಮಗಳನ್ನು ಕಳಿಸುತ್ತೇವೆ ಎನ್ನುವ ಮನೆಗಳು ಮುಂಬೈಯಲ್ಲಿ ಕಡಿಮೆಯೇನಿಲ್ಲ. ಅದು ಬರೀ ಹಳೆಯ ಕಾಲದ ಅಂಜಿಕೆ ಎಂದು ತಳ್ಳಿಹಾಕುವಂತೆಯೂ ಇಲ್ಲ. 2022ರಲ್ಲಿ ನಮ್ಮ 17ರೊಳಗಿನ ಹುಡುಗಿಯರ ತಂಡ ಯುರೋಪ್ ಪ್ರವಾಸದಲ್ಲಿದ್ದಾಗ ಸಹಾಯಕ ಕೋಚ್ ಒಬ್ಬರನ್ನು ದುರ್ನಡತೆಯ ಆರೋಪದ ಮೇಲೆ ನಡುವಿನಲ್ಲೇ ವಾಪಸ್ ಕಳಿಸಿ ಕೆಲಸದಿಂದ ತೆಗೆಯಬೇಕಾಯಿತು. ಭಾರತದಲ್ಲೇ ನಡೆಯಲಿದ್ದ 17ರೊಳಗಿನವರ ವಿಶ್ವಕಪ್‌ಗೆ ಆಗ ಕೆಲವೇ ತಿಂಗಳು.

ಆ ವಿಶ್ವಕಪ್‌ನ ಫೈನಲ್ಲೂ ಅದೇ ನೆರೂಲ್‌ನಲ್ಲೇ, 2022ರ ಅಕ್ಟೋಬರ್ 30ರಂದು. ಸ್ಪೇನ್ ಕೊಲಂಬಿಯಾವನ್ನು 1–0ಯಿಂದ ಸೋಲಿಸಿತು, ಅದೂ ಎದುರಾಳಿಯ ಸ್ವಂತ ಗೋಲಿನಿಂದ. ಭಾರತ ಭುವನೇಶ್ವರದಲ್ಲೇ ಅಮೆರಿಕ, ಮೊರೊಕ್ಕೊ, ಬ್ರೆಜಿಲ್‌ಗಳಿಗೆ ಸೋತು ಮನೆಗೆ ಮರಳಿತ್ತು. ಆ ಟೂರ್ನಿಯಲ್ಲಿ ಅಮೆರಿಕ, ಬ್ರೆಜಿಲ್, ಜರ್ಮನಿ, ಫ್ರಾನ್ಸ್, ಕೆನಡಾ, ಮೆಕ್ಸಿಕೊ ಇಷ್ಟೂ ತಂಡಗಳ ಮುಖ್ಯ ಕೋಚ್‌ಗಳು ಮಹಿಳೆಯರಾಗಿದ್ದರು. ಹಾಗೆಂದು ಜಗತ್ತೆಲ್ಲ ಬದಲಾಗಿದೆ ಎಂದುಕೊಳ್ಳಬೇಕಿಲ್ಲ. 2023ರ ಹಿರಿಯರ ವಿಶ್ವಕಪ್‌ನಲ್ಲಿ 32 ತಂಡಗಳಿದ್ದವು, ಮಹಿಳಾ ಕೋಚ್‌ಗಳು 12. ಆದರೆ ಅಲ್ಲಿ ಹನ್ನೆರಡು ಎಂದು ಎಣಿಸಲು ಬರುತ್ತದೆ.

ಏಣಿಯ ತೀರ ಕೆಳಗಿನ ಮೆಟ್ಟಿಲಲ್ಲಿ ಮುಂಬೈ ಅಷ್ಟೇನೂ ಬಡವಾಗಿಲ್ಲ, ಇದನ್ನೂ ಹೇಳಬೇಕು. ಕಫ್ ಪರೇಡ್‌ನ ಗಗನಚುಂಬಿಗಳ ನೆರಳಲ್ಲೇ ಇರುವ ಅಂಬೇಡ್ಕರ್ ನಗರದಲ್ಲಿ ಅಶೋಕ್ ರಾಠೋಡ್ 2006ರಲ್ಲಿ ಆಸ್ಕರ್ ಫೌಂಡೇಶನ್ ಶುರು ಮಾಡಿದರು. ಶಾಲೆ ಬಿಟ್ಟವನಿಗೆ ಫುಟ್‌ಬಾಲ್ ಇಲ್ಲ ಎಂಬುದು ಅಲ್ಲಿನ ಕಟ್ಟುನಿಟ್ಟು. ಹುಡುಗರಿಂದ ಶುರುವಾದದ್ದು ಆಮೇಲೆ ಹುಡುಗಿಯರಿಗೂ ಬಂತು. ಅಲ್ಲಿ ಆಡಿ ಬೆಳೆದವರೇ ಕಿರಿಯರಿಗೆ ಕಲಿಸುವುದು ಅಲ್ಲಿನ ಪದ್ಧತಿ. ಠಾಣೆ ಆಚೆಯ ಮುಂಬ್ರಾದಲ್ಲಿ 2012ರ ಸುಮಾರಿಗೆ ಸಬಾ ಖಾನ್ ಮತ್ತಿತರರು ಕಟ್ಟಿದ ಪರ್ಚಮ್ ಗುಂಪಿನ ಹುಡುಗಿಯರು ಮೊದಲು ಕೇಳಿದ್ದು ಕೋಚನ್ನಲ್ಲ, ಮೈದಾನವನ್ನು. ಹುಡುಗಿಯರಿಗೂ ಆಡಲು ಜಾಗ ಬೇಕೆಂದು ಬೀದಿಬೀದಿ ತಿರುಗಿ ಸಹಿ ಸಂಗ್ರಹಿಸಿದರು. ಬುರ್ಖಾ, ಹಿಜಾಬ್ ಹಾಕಿ ಬಂದು ಅದರೊಂದಿಗೇ ಚೆಂಡು ಒದ್ದವರೂ ಅವರಲ್ಲಿದ್ದರು. ಇಂಥಲ್ಲಿ ಆಟ ಕಲಿತವರಲ್ಲಿ ಕೆಲವರು ಈಗ ಸೀಟಿ ಊದಿ ಕಲಿಸುತ್ತಿದ್ದಾರೆ. ಇವರಿಗೂ ರಾಷ್ಟ್ರೀಯ ತಂಡದ ಬೆಂಚಿಗೂ ನಡುವೆ ಇರಬೇಕಾದ ಮೆಟ್ಟಿಲುಗಳೇ ಇಲ್ಲಿ ಕಾಣೆ.

ಆ ನಡುವಿನ ಮೆಟ್ಟಿಲು ಸಿಕ್ಕರೆ ಏನಾಗುತ್ತದೆ ಎಂದು ತೋರಿಸಲು ನಮ್ಮಲ್ಲೇ ಉದಾಹರಣೆಗಳಿವೆ. ಕೊಲ್ಹಾಪುರ ಜಿಲ್ಲೆಯ ಗಡಹಿಂಗ್ಲಜ ಫುಟ್‌ಬಾಲ್ ಹುಚ್ಚಿನ ಊರು. ಸಂಕೇಶ್ವರದಿಂದ ಗಡಿ ದಾಟಿದರೆ ಅಷ್ಟೇ. ಅದರ ಬಳಿಯ ಬೇಕನಾಳ ಎಂಬ ಹಳ್ಳಿಯ ಅಂಜು ತುರಂಬೇಕರ್ ಮಹಾರಾಷ್ಟ್ರಕ್ಕೆ ಆಡಿ, ಎಎಫ್‌ಸಿ ಎ ಲೈಸೆನ್ಸ್ ಪಡೆದು, ಎಐಎಫ್‌ಎಫ್‌ನಲ್ಲಿ ಇಡೀ ದೇಶದ ಮಕ್ಕಳ ಫುಟ್‌ಬಾಲ್ ವಿಭಾಗ ನೋಡಿಕೊಂಡರು. ಆಮೇಲೆ ಗೋವಾದ ಡೆಂಪೊ ಕ್ಲಬ್ಬಿನ ಯುವ ವಿಭಾಗದ ಮುಖ್ಯಸ್ಥೆಯಾದರು. ಅದು ಹುಡುಗರ ತಂಡಗಳಿಗೆ ಹೆಸರಾದ ಕ್ಲಬ್ಬು ಎಂಬುದನ್ನು ಗಮನಿಸಬೇಕು. ಕೇರಳದ ಪಿ.ವಿ. ಪ್ರಿಯಾ 2020ರ ಫೆಬ್ರುವರಿಯಲ್ಲಿ, ನಮ್ಮ ಬೆಂಗಳೂರು ಫುಟ್‌ಬಾಲ್ ಸ್ಟೇಡಿಯಂನಲ್ಲೇ, ಗೋಕುಲಂ ಕೇರಳ ತಂಡವನ್ನು ಮಹಿಳಾ ಲೀಗ್ ಚಾಂಪಿಯನ್ ಮಾಡಿದರು. ಮಣಿಪುರದ ಕ್ರಿಫ್ಸಾ ವಿರುದ್ಧ 3–2, ಗೆಲುವಿನ ಗೋಲು ನೇಪಾಳದ ಸಬಿತ್ರಾ ಭಂಡಾರಿಯದು, ಪಂದ್ಯ ಮುಗಿಯಲು ಮೂರು ನಿಮಿಷವಿರುವಾಗ. ಮಣಿಪುರದ ಲಾಂಗಂ ಚಾವೊಬಾ ದೇವಿ ಬೆಂಗಳೂರಿನ ಕಿಕ್‌ಸ್ಟಾರ್ಟ್ ತಂಡದ ಕೋಚ್ ಆಗಿದ್ದವರು. 2024ರ ಫೆಬ್ರುವರಿಯಲ್ಲಿ ಅವರು ಭಾರತ ತಂಡವನ್ನು ಟರ್ಕಿಗೆ ಕರೆದುಕೊಂಡು ಹೋದರು. ಅಲ್ಲಿ ಎಸ್ಟೋನಿಯಾವನ್ನು 4–3ರಿಂದ ಸೋಲಿಸಿದ್ದು ಯುರೋಪಿನ ದೇಶವೊಂದರ ಮೇಲೆ ನಮ್ಮ ಹಿರಿಯ ಮಹಿಳಾ ತಂಡದ ಮೊದಲ ಗೆಲುವು. ಪ್ರಿಯಾ, ಚಾವೊಬಾ ಇಬ್ಬರ ಹಿಂದೆಯೂ ಕ್ಲಬ್ ಇತ್ತು. ವಾರ ವಾರ ಸೋಲು ಗೆಲುವು ಕಂಡು ತಪ್ಪು ತಿದ್ದಿಕೊಳ್ಳಲು ಒಂದು ತಂಡ ಇತ್ತು.

ಗೆದ್ದವರ ಆಯಸ್ಸು ಎಷ್ಟು ಎಂಬುದು ಬೇರೆ ಮಾತು. ಶುಯಿಯ ಕಥೆ ನೆರೂಲ್‌ನಲ್ಲಿ ನಿಲ್ಲುವುದಿಲ್ಲ. ಹದಿನೆಂಟು ತಿಂಗಳ ಮೇಲೆ, 2023ರ ವಿಶ್ವಕಪ್‌ನಲ್ಲಿ, ಡೆನ್ಮಾರ್ಕ್‌ಗೆ ಸೋತು, ಹೈಟಿಯನ್ನು ಗೆದ್ದು, ಅಡಿಲೇಡ್‌ನಲ್ಲಿ ಇಂಗ್ಲೆಂಡ್ ಕೈಯಲ್ಲಿ 1–6ರಿಂದ ಬಡಿಸಿಕೊಂಡು ಚೀನಾ ಗುಂಪು ಹಂತದಲ್ಲೇ ಹೊರಬಿತ್ತು. ಮಹಿಳಾ ವಿಶ್ವಕಪ್‌ನಲ್ಲಿ ಅವರಿಗೆ ಹಾಗಾದದ್ದು ಮೊದಲ ಸಲ. ಹಾಂಗ್‌ಝೌ ಏಷ್ಯನ್ ಗೇಮ್ಸ್‌ನಲ್ಲಿ ಕಂಚು, ಪ್ಯಾರಿಸ್ ಒಲಿಂಪಿಕ್ಸ್‌ಗೆ ಅರ್ಹತೆಯೇ ಇಲ್ಲ. ಕುರ್ಚಿ ಹೋಯಿತು, ಆಸ್ಟ್ರೇಲಿಯಾದ ಆಂಟೆ ಮಿಲಿಸಿಚ್ ಬಂದರು. ಗೆದ್ದಾಗ ದೇಶದ ಹೆಮ್ಮೆ, ಸೋತಾಗ ಹಳೆ ಕಾಲದ ಆಟ ಆಡಿಸಿದವರು. ಈ ವಿಷಯದಲ್ಲಿ ಮಾತ್ರ ಗಂಡು ಹೆಣ್ಣು ಭೇದವಿಲ್ಲ.

ಏಣಿ ಕಟ್ಟುವುದು ಮುಂಬೈಗೆ ಗೊತ್ತಿಲ್ಲ ಎಂದರೆ ಯಾರೂ ಒಪ್ಪುವುದಿಲ್ಲ. 2025ರ ನವೆಂಬರ್ 2ರಂದು ಅದೇ ಡಿ.ವೈ. ಪಾಟೀಲ್‌ನಲ್ಲಿ, ಈ ಸಲ ಕಿಕ್ಕಿರಿದ ಗ್ಯಾಲರಿಗಳ ಮುಂದೆ, ಭಾರತದ ಮಹಿಳೆಯರು ದಕ್ಷಿಣ ಆಫ್ರಿಕಾವನ್ನು 52 ರನ್‌ಗಳಿಂದ ಸೋಲಿಸಿ ಕ್ರಿಕೆಟ್ ವಿಶ್ವಕಪ್ ಗೆದ್ದರು. ಕೋಚ್ ಅಮೋಲ್ ಮಜುಂದಾರ್, ಶಾರದಾಶ್ರಮ ಶಾಲೆಯ ಹುಡುಗ. 1988ರಲ್ಲಿ ತೆಂಡೂಲ್ಕರ್ ಮತ್ತು ಕಾಂಬ್ಳಿ 664 ರನ್ನುಗಳ ಜತೆಯಾಟ ಆಡುತ್ತಿದ್ದಾಗ ಪ್ಯಾಡ್ ಕಟ್ಟಿಕೊಂಡು ಮುಂದಿನ ಸರದಿಗೆ ಕಾದು ಕೂತಿದ್ದವರು ಇವರೇ. ಹನ್ನೊಂದು ಸಾವಿರಕ್ಕೂ ಹೆಚ್ಚು ಪ್ರಥಮ ದರ್ಜೆ ರನ್ ಗಳಿಸಿಯೂ ಭಾರತಕ್ಕೆ ಒಂದು ಪಂದ್ಯ ಆಡಲಿಲ್ಲ. ಆದರೂ ಕೋಚ್ ಆದರು, ಏಕೆಂದರೆ ಮುಂಬೈ ಕ್ರಿಕೆಟ್‌ನಲ್ಲಿ ಶಾಲೆಯಿಂದ ಕ್ಲಬ್ಬು, ಕ್ಲಬ್ಬಿನಿಂದ ರಣಜಿ, ರಣಜಿಯಿಂದ ಕೋಚಿಂಗ್, ಹೀಗೆ ನಿರಾಶರಾದವರನ್ನೂ ಹಿಡಿದಿಟ್ಟುಕೊಳ್ಳುವ ಮೆಟ್ಟಿಲುಗಳಿವೆ. ಆ ಕುರ್ಚಿಯಲ್ಲಿ ಹೆಣ್ಣುಮಗಳು ಯಾವಾಗ ಎಂದು ಕ್ರಿಕೆಟ್‌ನವರನ್ನೂ ಕೇಳಬೇಕಾದ್ದೇ, ಅದು ಬೇರೆ ಲೇಖನ.

ಫುಟ್‌ಬಾಲಿಗೆ ಬಂದರೆ, 2025ರ ಜುಲೈನಲ್ಲಿ ಭಾರತದ ಮಹಿಳೆಯರು ಚಿಯಾಂಗ್ ಮಾಯ್‌ನಲ್ಲಿ ಥಾಯ್ಲೆಂಡನ್ನು 2–1ರಿಂದ ಸೋಲಿಸಿ, ಅರ್ಹತಾ ಸುತ್ತು ದಾಟಿ ಏಷ್ಯನ್ ಕಪ್‌ಗೆ ಹೋಗುವ ಸಾಧನೆಯನ್ನು ಮೊದಲ ಬಾರಿ ಮಾಡಿದರು. ಎರಡೂ ಗೋಲು ಸಂಗೀತಾ ಬಾಸ್ಫೋರ್ ಅವರದು, ಕೋಚ್ ಕ್ರಿಸ್ಪಿನ್ ಛೆಟ್ರಿ. ಅದಕ್ಕೆ ಮುಂಚಿನ 2024–25ರ ಮಹಿಳಾ ಲೀಗ್‌ನಲ್ಲಿ ಆಡಿದ್ದು ಎಂಟು ತಂಡಗಳು. ಕೊಲ್ಕತ್ತಾದ ಈಸ್ಟ್ ಬೆಂಗಾಲ್ ಚಾಂಪಿಯನ್, ಬೆಂಗಳೂರಿನ ಕಿಕ್‌ಸ್ಟಾರ್ಟ್ ಇತ್ತು, ಕೇರಳ, ಒಡಿಶಾ, ತಮಿಳುನಾಡು, ದಿಲ್ಲಿಯ ತಂಡಗಳೂ ಇದ್ದವು. ಹಿಂದೆ ಮುಂಬೈಯಿಂದ ಇಂಡಿಯಾ ರಶ್, ಕೆಂಕ್ರೆ, ಮುಂಬೈ ನೈಟ್ಸ್ ಒಂದೊಂದು ಕಾಲಕ್ಕೆ ಬಂದು ಹೋಗಿವೆ. ಒಂದೇ ವರ್ಷದಲ್ಲಿ ಏಷ್ಯನ್ ಕಪ್, ವಿಶ್ವಕಪ್ ಎರಡರ ಫೈನಲ್ ನಡೆಸಿದ ಮುಂಬೈಯಿಂದ ಆ ಎಂಟರಲ್ಲಿ ಒಂದು ತಂಡವೂ ಇರಲಿಲ್ಲ. ಅಂಧೇರಿಯ ಟರ್ಫಿನಲ್ಲಿ ಮೊಣಕಾಲು ನೋಡುತ್ತ ಕೂತಿರುವ ಕೋಚ್‌ಗೆ ನಾಳೆ ಎ ಲೈಸೆನ್ಸ್ ಸಿಕ್ಕರೆ ಅವರು ಕೆಲಸ ಹುಡುಕಿಕೊಂಡು ಟಿಕೆಟ್ ತೆಗೆಯಬೇಕಾದ್ದು ಕೊಲ್ಕತ್ತಾಕ್ಕೋ ಬೆಂಗಳೂರಿಗೋ.